ಪರದೆಯ ಹಿಂದೆಯೇ ಉಳಿದ ಜಾನ್ ಸ್ವಾರ್ಟ್ಸ್‌ವೆಲ್ಡರ್

ಟಿವಿಗೆ ಹಾಸ್ಯ ಬರೆಯುವವರ ಹೆಸರು ಪರದೆ ಮೇಲೆ ಕ್ಷಣಹೊತ್ತು ಬಂದು ಹೋಗುತ್ತದೆ, ಅಷ್ಟೇ. ಯಾರೂ ಓದುವುದಿಲ್ಲ. ಆದರೆ ಅಮೆರಿಕದ 'ದಿ ಸಿಂಪ್ಸನ್ಸ್' ಕಾರ್ಟೂನ್ ನೋಡಿ ಬೆಳೆದವರಿಗೆ ಜಾನ್ ಸ್ವಾರ್ಟ್ಸ್‌ವೆಲ್ಡರ್ ಅನ್ನುವ ಹೆಸರು ಕಂಡರೆ ಸಾಕು, ಇವತ್ತು ಹಬ್ಬ. ಅದರ 59 ಕಂತುಗಳು ಅವರ ಹೆಸರಿನಲ್ಲಿವೆ. ಬೇರೆ ಯಾರೂ ಅಷ್ಟು ಬರೆದಿಲ್ಲ. ಆದರೂ ಅವರನ್ನು ನೋಡಿದವರು, ಮಾತು ಕೇಳಿದವರು ತೀರಾ ಕಮ್ಮಿ.

ಶುರುವಿನಲ್ಲಿ ಅವರು ಷಿಕಾಗೋದಲ್ಲಿ ಜಾಹೀರಾತು ಬರೆಯುತ್ತಿದ್ದರು. 1985ರಲ್ಲಿ 'ಸ್ಯಾಟರ್ಡೇ ನೈಟ್ ಲೈವ್' ಎಂಬ ಟಿವಿ ಹಾಸ್ಯ ಕಾರ್ಯಕ್ರಮಕ್ಕೆ ಬರೆಯಲು ಸೇರಿದರು. ಅಲ್ಲಿ ಇದ್ದದ್ದು ಒಂದೇ ಸೀಸನ್, ಆದರೆ ಇನ್ನೊಬ್ಬ ಹಾಸ್ಯ ಬರಹಗಾರ ಜಾರ್ಜ್ ಮೇಯರ್ ಪರಿಚಯ ಆಗಿದ್ದು ಅಲ್ಲೇ. ಮೇಯರ್ 1988ರಲ್ಲಿ 'ಆರ್ಮಿ ಮ್ಯಾನ್' ಎಂಬ ಪುಟ್ಟ ಹಾಸ್ಯ ಪತ್ರಿಕೆ ತಂದರು. ಬಂದದ್ದು ಮೂರೇ ಸಂಚಿಕೆ. ಅದರಲ್ಲಿ ಸ್ವಾರ್ಟ್ಸ್‌ವೆಲ್ಡರ್ ಕೂಡ ಬರೆದರು. ಆ ಪತ್ರಿಕೆಯನ್ನು ಮೆಚ್ಚಿದ, 'ಸಿಂಪ್ಸನ್ಸ್' ರೂಪಿಸಿದವರಲ್ಲಿ ಒಬ್ಬರಾದ ಸ್ಯಾಮ್ ಸೈಮನ್, ಅದರ ಬರಹಗಾರರ ತಂಡ ಕಟ್ಟುವಾಗ ಇಬ್ಬರನ್ನೂ ಕರೆದುಕೊಂಡರು.

ಅಮೆರಿಕದ ಟಿವಿ ಹಾಸ್ಯ ಹುಟ್ಟುವುದೇ ಒಂದು ಕೋಣೆಯಲ್ಲಿ. ಒಬ್ಬರು ಮೊದಲ ಕರಡು ಬರೆಯುತ್ತಾರೆ. ಆಮೇಲೆ ಹತ್ತಾರು ಜನ ಮೇಜಿನ ಸುತ್ತ ಕೂತು ಸಾಲು ಸಾಲಾಗಿ ತಿದ್ದುತ್ತಾರೆ. 1994ರ ಆರನೇ ಸೀಸನ್ನಿನಿಂದ ಸ್ವಾರ್ಟ್ಸ್‌ವೆಲ್ಡರ್‌ಗೆ ಆ ಕೋಣೆಯಿಂದ ವಿನಾಯಿತಿ ಸಿಕ್ಕಿತು. ಮನೆಯಲ್ಲೇ ಬರೆದು ಕಳಿಸಿದರೆ ಸಾಕು, ಉಳಿದವರು ತಿದ್ದಿಕೊಳ್ಳುತ್ತಿದ್ದರು. ಇಂಥ ಅನುಕೂಲ ಸುಮ್ನೆ ಸಿಗಲ್ಲ. ಬೇರೆ ಯಾರಿಗೂ ಹೊಳೆಯದ ತಮಾಷೆ ಅವರ ಕರಡಿನಲ್ಲಿ ಇರುತ್ತಿತ್ತು, ಅದಕ್ಕೇ ಸಿಕ್ಕಿತು ಅಂತ ನನಗೆ ಅನಿಸುತ್ತದೆ.

1997ರ 'ಹೋಮರ್ಸ್ ಎನಿಮಿ' ಕಂತನ್ನೇ ನೋಡಿ. ಜೀವನಪೂರ್ತಿ ಕಷ್ಟಪಟ್ಟ ಫ್ರ್ಯಾಂಕ್ ಗ್ರೈಮ್ಸ್ ಎಂಬಾತ, ಸಿಂಪ್ಸನ್ ಮನೆಯ ಯಜಮಾನ ಹೋಮರ್ ಇರುವ ಅಣುಸ್ಥಾವರಕ್ಕೆ ಕೆಲಸಕ್ಕೆ ಬರುತ್ತಾನೆ. ಕೆಲಸಗಳ್ಳ ಹೋಮರ್‌ಗೆ ದೊಡ್ಡ ಮನೆ, ಸಂಸಾರ ಎಲ್ಲ ಇದೆ. ಇದನ್ನು ತಡೆಯಲಾಗದೆ ಗ್ರೈಮ್ಸ್ ತಲೆ ಕೆಟ್ಟು, ಹೋಮರ್‌ನಂತೆ ಆಡುತ್ತಾ ಕರೆಂಟ್ ತಂತಿ ಮುಟ್ಟಿ ಸಾಯುತ್ತಾನೆ. ಅವನ ಅಂತ್ಯಸಂಸ್ಕಾರದಲ್ಲೂ ಹೋಮರ್ ನಿದ್ದೆ ಹೊಡೆಯುತ್ತಾನೆ! ನಗು ಬರುತ್ತದೆ, ಹೊಟ್ಟೆಯಲ್ಲಿ ಸಂಕಟವೂ ಆಗುತ್ತದೆ. ಮಕ್ಕಳ ಕಾರ್ಟೂನ್ ಅಂದುಕೊಂಡು ಕೂತವರಿಗೆ ಇದು ಜಾಸ್ತಿಯೇ ಅಲ್ವಾ?

2003ರ ಹೊತ್ತಿಗೆ ಅವರ ಹೆಸರಿನ ಕಂತುಗಳು ನಿಂತವು. 2004ರಿಂದ ಫ್ರ್ಯಾಂಕ್ ಬರ್ಲಿ ಎಂಬ ದಡ್ಡ ಪತ್ತೇದಾರನ ಕಾದಂಬರಿಗಳನ್ನು ತಾವೇ ಅಚ್ಚು ಹಾಕಿಸತೊಡಗಿದರು. 2007ರ 'ಸಿಂಪ್ಸನ್ಸ್' ಸಿನಿಮಾದ ಬರಹಗಾರರಲ್ಲೂ ಅವರಿದ್ದಾರೆ.

ವರ್ಷಗಟ್ಟಲೆ ಸಂದರ್ಶನ ಅಂದರೆ ದೂರವೇ ಇದ್ದವರು 2021ರಲ್ಲಿ 'ದಿ ನ್ಯೂಯಾರ್ಕರ್' ಪತ್ರಿಕೆಗೆ ಮಾತಾಡಿದರು. ಅಲ್ಲಿ ತಾವು ಬರೆಯುವ ಬಗೆಯನ್ನು ಬಿಚ್ಚಿಟ್ಟರು. ಒಂದೇ ದಿನದಲ್ಲಿ, ಜೋಕು ಕೆಟ್ಟದಾಗಿದ್ದರೂ ಪರವಾಗಿಲ್ಲ ಅಂತ, ಇಡೀ ಕಂತನ್ನು ಗಬಗಬನೆ ಬರೆದು ಮುಗಿಸುವುದು. ಮರುದಿನ ಎದ್ದರೆ ಕತೆ ಎದುರಿಗಿರುತ್ತದೆ. ಬರೆಯುವ ಕಷ್ಟ ಕಳೆದಿರುತ್ತದೆ. ಅಲ್ಲಿಂದ ಬರೀ ತಿದ್ದುವ ಕೆಲಸ.