ಉಪಕುಲಪತಿಯ ಕುರ್ಚಿಯಲ್ಲಿ ಕನ್ನಡದ ಮೇಷ್ಟ್ರು

ಮೈಸೂರಿನಲ್ಲಿ ಆಟೊ ಹತ್ತಿ ‘ಗಂಗೋತ್ರಿ’ ಎಂದರೆ ಚಾಲಕ ಮರುಮಾತಿಲ್ಲದೆ ಕುಕ್ಕರಹಳ್ಳಿ ಕೆರೆಯ ಆಚೆ ಬದಿಗೆ ತಂದು ಇಳಿಸುತ್ತಾನೆ. ಸರ್ಕಾರಿ ಕಡತದಲ್ಲಿ ಹುಟ್ಟಿದ ಹೆಸರುಗಳು ಸಾಮಾನ್ಯವಾಗಿ ಕಡತದಲ್ಲೇ ಉಳಿಯುತ್ತವೆ, ಜನ ತಮಗೆ ತೋಚಿದ ಇನ್ನೊಂದನ್ನು ಕರೆದುಕೊಳ್ಳುತ್ತಾರೆ. ಮಾನಸಗಂಗೋತ್ರಿ ಎಂಬ ಹೆಸರಿಗೆ ಹಾಗಾಗಲಿಲ್ಲ. ಅದನ್ನು ಇಟ್ಟವರು ಕೆ.ವಿ. ಪುಟ್ಟಪ್ಪ. 1956ರಿಂದ 1960ರವರೆಗೆ ಅವರು ಮೈಸೂರು ವಿಶ್ವವಿದ್ಯಾನಿಲಯದ ಉಪಕುಲಪತಿ, ಅದಕ್ಕೂ ಮೊದಲೇ ನಾಡಿಗೆಲ್ಲ ಕುವೆಂಪು.

ಉಪಕುಲಪತಿ ಎಂಬ ಪದ ಈಗ ಹಳೆಯದಾಯಿತು. ಅದೇ ಹುದ್ದೆಯನ್ನು ಇಂದು ಕುಲಪತಿ ಎನ್ನುತ್ತೇವೆ, ರಾಜ್ಯಪಾಲರು ಕುಲಾಧಿಪತಿ ಆಗಿದ್ದಾರೆ. ಹೆಸರಿಗೆ ಬಡ್ತಿ ಸಿಕ್ಕಿದರೂ ಹಳೆಯ ತಕರಾರು ಹಾಗೆಯೇ ಇದೆ. ಸಾಹಿತ್ಯದ ಮೇಷ್ಟ್ರೊಬ್ಬರು ಆ ಕುರ್ಚಿಗೆ ಬಂದಾಗಲೆಲ್ಲ ‘ಪದ್ಯ ಬರೆಯುವವರಿಗೆ ಆಡಳಿತ ಬರುತ್ತದೆಯೇ’ ಎಂಬ ಪ್ರಶ್ನೆ ಏಳುತ್ತದೆ. ಕರ್ನಾಟಕದ ಮಟ್ಟಿಗೆ ಈ ಪ್ರಶ್ನೆಯೇ ಸ್ವಲ್ಪ ಅಡ್ಡದಾರಿಯದು ಎಂದು ನನಗನ್ನಿಸುತ್ತದೆ. ನಮ್ಮ ಸಾಹಿತ್ಯದವರು ಆ ಕುರ್ಚಿಗೆ ಹೋದಾಗ ಅವರ ಜೊತೆಗೆ ಭಾಷೆಯ ಜಗಳವೊಂದೂ ಒಳಗೆ ಹೋಗಿದೆ. ಆ ಜಗಳದಲ್ಲಿ ಗೆದ್ದದ್ದೆಷ್ಟು, ಸೋತದ್ದೆಷ್ಟು ಎಂದು ನೋಡುವುದೇ ಹೆಚ್ಚು ಉಪಯೋಗದ ಕೆಲಸ.

ಮೈಸೂರು ವಿಶ್ವವಿದ್ಯಾನಿಲಯ 1916ರ ಜುಲೈ 27ರಂದು ಹುಟ್ಟಿದಾಗ ಅದು ಕನ್ನಡ ನೆಲದಲ್ಲಿದ್ದ ಇಂಗ್ಲಿಷ್ ಸಂಸ್ಥೆ. ನಾಲ್ವಡಿ ಕೃಷ್ಣರಾಜ ಒಡೆಯರ್ ಕುಲಪತಿ (ಇಂದಿನ ಮಾತಿನಲ್ಲಿ ಕುಲಾಧಿಪತಿ), ಎಚ್.ವಿ. ನಂಜುಂಡಯ್ಯ ಮೊದಲ ಉಪಕುಲಪತಿ. ಕನ್ನಡಕ್ಕೆ ಅಲ್ಲಿ ಜಾಗವಿತ್ತು, ಆದರೆ ಪಂಕ್ತಿಯ ಕೊನೆಯಲ್ಲಿ. ಅದನ್ನು ಪಂಕ್ತಿಯ ಮುಂದಕ್ಕೆ ತಂದವರಲ್ಲಿ ಮುಖ್ಯರಾದ ಬಿ.ಎಂ. ಶ್ರೀಕಂಠಯ್ಯನವರು ಇಂಗ್ಲಿಷ್ ಪ್ರಾಧ್ಯಾಪಕರು. 1911ರಲ್ಲೇ ಧಾರವಾಡದ ವಿದ್ಯಾವರ್ಧಕ ಸಂಘದಲ್ಲಿ ಕನ್ನಡ ತಲೆಯೆತ್ತುವ ಬಗೆಯನ್ನು ಕುರಿತು ಭಾಷಣ ಮಾಡಿದ್ದ ಅವರು 1926ರಲ್ಲಿ ವಿಶ್ವವಿದ್ಯಾನಿಲಯದ ರಿಜಿಸ್ಟ್ರಾರ್ ಆದರು. ಮರುವರ್ಷ ಕನ್ನಡ ಎಂ.ಎ. ತರಗತಿ ಆರಂಭವಾಯಿತು. ಇಂಗ್ಲಿಷ್ ಬಲ್ಲವರು ಒಳಗಿನಿಂದ ಬಾಗಿಲು ತೆಗೆದಾಗಲೇ ಕನ್ನಡ ಒಳಗೆ ಕಾಲಿಟ್ಟಿತು ಎಂಬುದನ್ನು ಇಂದಿನ ಕಟ್ಟಾ ಅಭಿಮಾನಿಗಳು ಅಷ್ಟಾಗಿ ನೆನೆಯುವುದಿಲ್ಲ.

ಆ ಮೊದಲ ತಂಡದಲ್ಲಿ ಡಿ.ಎಲ್. ನರಸಿಂಹಾಚಾರ್ ಇದ್ದರು, ತೀರ್ಥಹಳ್ಳಿ ತಾಲ್ಲೂಕಿನ ಕುಪ್ಪಳಿಯಿಂದ ಬಂದ ಪುಟ್ಟಪ್ಪ ಇದ್ದರು. ಪಾಠ ಹೇಳಿದವರಲ್ಲಿ ಟಿ.ಎಸ್. ವೆಂಕಣ್ಣಯ್ಯ ಒಬ್ಬರು. ಮುಂದೆ ಬರೆದ ‘ಶ್ರೀ ರಾಮಾಯಣ ದರ್ಶನಂ’ ಮಹಾಕಾವ್ಯವನ್ನು ಪುಟ್ಟಪ್ಪ ಅರ್ಪಿಸಿದ್ದು ಅಷ್ಟರಲ್ಲಿ ತೀರಿಹೋಗಿದ್ದ ಈ ಗುರುವಿಗೇ.

ಪುಟ್ಟಪ್ಪನವರ ದಾರಿಯೂ ಇಂಗ್ಲಿಷಿನಿಂದಲೇ ಹೊರಟಿತ್ತು. 1904ರ ಡಿಸೆಂಬರ್ 29ರಂದು ಕೊಪ್ಪ ತಾಲ್ಲೂಕಿನ ಹಿರೇಕೊಡಿಗೆಯಲ್ಲಿ, ತಾಯಿಯ ತವರಿನಲ್ಲಿ ಹುಟ್ಟಿದ ಹುಡುಗ ಮೈಸೂರಿನ ವೆಸ್ಲಿಯನ್ ಮಿಷನ್ ಹೈಸ್ಕೂಲು ಸೇರಿ ಇಂಗ್ಲಿಷಿನಲ್ಲಿ ಪದ್ಯ ಬರೆಯುತ್ತಿದ್ದ. ಒಂದು ಪುಟ್ಟ ಸಂಕಲನವೂ ಅಚ್ಚಾಗಿತ್ತು. 1924ರಲ್ಲಿ ಐರಿಷ್ ಕವಿ ಜೇಮ್ಸ್ ಕಸಿನ್ಸ್ ಮೈಸೂರಿಗೆ ಬಂದಾಗ ಹುಡುಗ ಹಸ್ತಪ್ರತಿ ಹಿಡಿದುಕೊಂಡು ಹೋದ. ಕಸಿನ್ಸ್ ಓದಿ ನೋಡಿ, ನಿನ್ನ ಭಾಷೆಯಲ್ಲಿ ಏನಾದರೂ ಬರೆದಿದ್ದೀಯಾ ಎಂದು ಕೇಳಿದರು. ಹುಡುಗನಿಗೆ ಮುಖಭಂಗವಾಯಿತು. ದೊಡ್ಡ ಭಾವಗಳನ್ನು ಹೊರುವ ಶಕ್ತಿ ಕನ್ನಡಕ್ಕಿಲ್ಲ ಎಂಬುದು ಆಗ ಅವನ ನಂಬಿಕೆ. ಇದನ್ನೆಲ್ಲ ಅವರೇ ಮುಂದೆ ಆತ್ಮಕಥೆಯಲ್ಲಿ ಮುಚ್ಚುಮರೆಯಿಲ್ಲದೆ ಬರೆದುಕೊಂಡಿದ್ದಾರೆ. ಉಪಕುಲಪತಿಯಾಗಿ ಅವರು ಎದುರಿಸಿದ ವಾದವೂ ಇದೇ ಜಾತಿಯದು: ಕನ್ನಡದಲ್ಲಿ ವಿಜ್ಞಾನ ಹೇಳಲಾಗದು, ಕಾನೂನು ಹೇಳಲಾಗದು. ಹದಿಹರೆಯದಲ್ಲಿ ತಾವೇ ಆಡಿದ್ದ ಮಾತನ್ನು ಐವತ್ತರ ವಯಸ್ಸಿನಲ್ಲಿ ಬೇರೆಯವರ ಬಾಯಲ್ಲಿ ಕೇಳಬೇಕಾಯಿತು. ಅವರ ಉತ್ತರದಲ್ಲಿದ್ದ ಖಾರಕ್ಕೆ ಇದೂ ಒಂದು ಕಾರಣವಿರಬಹುದು.

ನೌಕರಿಯ ಏಣಿ ನೇರವಾಗಿಯೇ ಇತ್ತು. 1929ರಲ್ಲಿ ಮಹಾರಾಜ ಕಾಲೇಜಿನಲ್ಲಿ ಕನ್ನಡ ಅಧ್ಯಾಪಕ, ನಡುವೆ ಕೆಲವು ವರ್ಷ ಬೆಂಗಳೂರಿನ ಸೆಂಟ್ರಲ್ ಕಾಲೇಜು, 1946ರಲ್ಲಿ ಪ್ರಾಧ್ಯಾಪಕ, 1955ರಲ್ಲಿ ಮಹಾರಾಜ ಕಾಲೇಜಿನ ಪ್ರಿನ್ಸಿಪಾಲ್. ಅದೇ 1955ರಲ್ಲಿ ರಾಮಾಯಣ ಮಹಾಕಾವ್ಯಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು, ಕನ್ನಡಕ್ಕೆ ಆ ಪ್ರಶಸ್ತಿ ಬಂದದ್ದು ಅದೇ ಮೊದಲು. ಮರುವರ್ಷ ಉಪಕುಲಪತಿ ಪದವಿ. ಆ ವಿಶ್ವವಿದ್ಯಾನಿಲಯದಲ್ಲೇ ಓದಿ ಅದರ ಉಪಕುಲಪತಿಯಾದವರಲ್ಲಿ ಅವರೇ ಮೊದಲಿಗರು.

1956 ಎಂಬ ವರ್ಷವನ್ನು ಗಮನಿಸಬೇಕು. ನವೆಂಬರ್ 1ರಂದು ಚದುರಿಹೋಗಿದ್ದ ಕನ್ನಡ ಪ್ರದೇಶಗಳು ಒಂದು ರಾಜ್ಯವಾದವು. ಹಳೆಯ ಮಹಾರಾಜ ಜಯಚಾಮರಾಜ ಒಡೆಯರ್ ಹೊಸ ರಾಜ್ಯದ ರಾಜ್ಯಪಾಲರು, ಮಲೆನಾಡಿನ ಒಕ್ಕಲು ಮನೆತನದಿಂದ ಬಂದ ಕವಿ ಉಪಕುಲಪತಿ. ಕನ್ನಡಕ್ಕೆ ರಾಜ್ಯ ಸಿಕ್ಕಿತು, ಇನ್ನು ಅದು ಯಾವ ಕೆಲಸಕ್ಕೆ ಬರುತ್ತದೆ ಎಂಬ ಪ್ರಶ್ನೆ ಮೇಜಿನ ಮೇಲೆ ಬಂದು ಕುಳಿತಿತು. 1957ರಲ್ಲಿ ಧಾರವಾಡದ ಸಾಹಿತ್ಯ ಸಮ್ಮೇಳನಕ್ಕೆ ಅಧ್ಯಕ್ಷರಾದಾಗಲೂ ಅವರು ಅಧಿಕಾರದಲ್ಲಿದ್ದ ಉಪಕುಲಪತಿಯೇ.

ಕುವೆಂಪು ಇಂಗ್ಲಿಷನ್ನು ಓಡಿಸಲು ಹೊರಟಿದ್ದರು ಎಂಬ ಮಾತು ಇಂದಿಗೂ ಕೇಳುತ್ತದೆ. ಅವರು ವಿರೋಧಿಸಿದ್ದು ಕಡ್ಡಾಯದ ಇಂಗ್ಲಿಷನ್ನು. ಬೇಕಾದವರು ಎಷ್ಟು ಬೇಕಾದರೂ ಕಲಿಯಲಿ, ಆದರೆ ಬೇರೆಲ್ಲ ವಿಷಯದಲ್ಲಿ ಚುರುಕಾಗಿರುವ ಹಳ್ಳಿಯ ಹುಡುಗ ಇಂಗ್ಲಿಷ್ ಒಂದರಲ್ಲಿ ಡುಮ್ಕಿ ಹೊಡೆದು ಊರಿಗೆ ಹಿಂತಿರುಗುವುದು ನಿಲ್ಲಲಿ ಎಂಬುದು ಅವರ ನಿಲುವು. ಕಡ್ಡಾಯದ ಇಂಗ್ಲಿಷನ್ನು ಅವರು ‘ಶೂಲ’ ಎಂದೇ ಕರೆದರು. ಪದವಿ ತರಗತಿಗಳಲ್ಲಿ ಕನ್ನಡ ಮಾಧ್ಯಮಕ್ಕೆ ಅವಕಾಶವಾದದ್ದು ಅವರ ಅವಧಿಯಲ್ಲಿ. ಅದಕ್ಕೆ ಬೇಕಾದ ಪುಸ್ತಕ ಬರೆಸುವ, ಅಚ್ಚು ಹಾಕಿಸುವ, ಮಾರುವ ಹೊಣೆಯನ್ನೂ ವಿಶ್ವವಿದ್ಯಾನಿಲಯವೇ ಹೊತ್ತುಕೊಂಡಿತು. ಮೂವತ್ತರ ದಶಕದಿಂದ ಪ್ರಚಾರೋಪನ್ಯಾಸಗಳ ರೂಪದಲ್ಲಿ ನಡೆಯುತ್ತಿದ್ದ ಕೆಲಸ ‘ಪ್ರಸಾರಾಂಗ’ವಾಗಿ ಹರಡಿಕೊಂಡಿತು. ಅಧ್ಯಾಪಕರು ಹಳ್ಳಿಗೆ ಹೋಗಿ ಭಾಷಣ ಮಾಡುವುದು, ಆ ಭಾಷಣವೇ ಕಿರುಹೊತ್ತಗೆಯಾಗಿ ಅಗ್ಗದ ಬೆಲೆಗೆ ಸಿಗುವುದು ಅದರ ಕ್ರಮ. ಹಳೆಯ ಮೈಸೂರಿನ ಮನೆಗಳ ಕಪಾಟಿನಲ್ಲಿ ಆ ತೆಳು ಪುಸ್ತಕಗಳು ಈಗಲೂ ಸಿಗುತ್ತವೆ, ಕಾಗದ ಹಳದಿಯಾಗಿ ಅಂಚು ಪುಡಿಯಾಗುತ್ತಿದ್ದರೂ.

ಆದರೆ ಕನ್ನಡ ಮಾಧ್ಯಮದ ಗಾಡಿ ಯಾಕೆ ಸಲೀಸಾಗಿ ಉರುಳಲಿಲ್ಲ? ಮೇಷ್ಟ್ರ ಮೇಜಿನ ಬಳಿ ನಿಂತು ನೋಡಿದರೆ ತಿಳಿಯುತ್ತದೆ. ಭೌತವಿಜ್ಞಾನದ ಅಧ್ಯಾಪಕ ತಾನು ಕಲಿತದ್ದು ಇಂಗ್ಲಿಷಿನಲ್ಲಿ. ನಾಳೆ ಬೆಳಗ್ಗೆ ಕನ್ನಡದಲ್ಲಿ ಪಾಠ ಮಾಡು ಎಂದರೆ ಪದಕ್ಕಾಗಿ ತಡಕಾಡುತ್ತಾನೆ. ಪದಕೋಶ ಕೊಟ್ಟ ಸಂಸ್ಕೃತದ ಉದ್ದನೆಯ ಪದ ಹುಡುಗರಿಗೆ ಇಂಗ್ಲಿಷಿಗಿಂತ ಹೆಚ್ಚು ಪರಕೀಯ. ಪುಸ್ತಕವಿಲ್ಲದೆ ವಿದ್ಯಾರ್ಥಿ ಬರುವುದಿಲ್ಲ, ವಿದ್ಯಾರ್ಥಿಯಿಲ್ಲದೆ ಪುಸ್ತಕ ಖರ್ಚಾಗುವುದಿಲ್ಲ, ಖಾಸಗಿ ಪ್ರಕಾಶಕ ಅತ್ತ ತಲೆ ಹಾಕುವುದಿಲ್ಲ. ಹೇಗೋ ಬಿ.ಎಸ್ಸಿ. ಮುಗಿಸಿದವನಿಗೆ ಎಂ.ಎಸ್ಸಿ. ಮತ್ತೆ ಇಂಗ್ಲಿಷಿನಲ್ಲೇ. ಅದನ್ನೂ ದಾಟಿದರೆ ನೌಕರಿಯ ಸಂದರ್ಶನ. ಈ ಸರಪಳಿಯಲ್ಲಿ ಉಪಕುಲಪತಿಯ ಕೈಗೆ ಸಿಗುವುದು ನಡುವಿನ ಎರಡು ಮೂರು ಕೊಂಡಿ ಮಾತ್ರ. ಹಿಂದಿನ ತುದಿ ಶಾಲೆಯಲ್ಲಿದೆ, ಮುಂದಿನ ತುದಿ ಮಾರುಕಟ್ಟೆಯಲ್ಲಿದೆ. ಕಾಲೇಜುಗಳಲ್ಲಿ ಇತಿಹಾಸ, ರಾಜ್ಯಶಾಸ್ತ್ರ, ಅರ್ಥಶಾಸ್ತ್ರಗಳಿಗೆ ಕನ್ನಡ ಚೆನ್ನಾಗಿಯೇ ಒಗ್ಗಿತು. ಪ್ರಯೋಗಶಾಲೆಯ ಹೊಸ್ತಿಲಲ್ಲಿ ಅದು ಬಹುಮಟ್ಟಿಗೆ ನಿಂತುಬಿಟ್ಟಿತು.

ಪಠ್ಯಮಾಧ್ಯಮದಲ್ಲಿ ಸಿಗದ ಗೆಲುವು ನೆಲದಲ್ಲಿ ಸಿಕ್ಕಿತು. ಆವರೆಗೆ ಸ್ನಾತಕೋತ್ತರ ಕಲಿಕೆ ಒಂದೆಡೆ ಇರಲಿಲ್ಲ: ವಿಜ್ಞಾನಕ್ಕೆ ಬೆಂಗಳೂರಿನ ಸೆಂಟ್ರಲ್ ಕಾಲೇಜು, ಮಾನವಿಕಗಳಿಗೆ ಮೈಸೂರಿನ ಮಹಾರಾಜ ಕಾಲೇಜು. ಎಲ್ಲವೂ ಒಂದೇ ಆವರಣದಲ್ಲಿರಬೇಕೆಂದು ಕುವೆಂಪು ಹಿಡಿದ ಹಟದಿಂದ ಕುಕ್ಕರಹಳ್ಳಿ ಕೆರೆಯ ಪಡುವಣ ದಿಬ್ಬ ವಿಶ್ವವಿದ್ಯಾನಿಲಯಕ್ಕೆ ದಕ್ಕಿತು. ಆ ಕೆರೆ ಅವರಿಗೆ ಹೊಸದಲ್ಲ, ವಿದ್ಯಾರ್ಥಿ ದೆಸೆಯಿಂದಲೂ ಅದರ ಏರಿಯ ಮೇಲೆ ಅಡ್ಡಾಡಿದವರು. ಒಂಟಿಕೊಪ್ಪಲಿನ ಅವರ ಮನೆ ‘ಉದಯರವಿ’ಯಿಂದ ಅಲ್ಲಿಗೆ ನಡೆದು ಹೋಗುವಷ್ಟೇ ದೂರ. ಇದೇ ನೆಲದಲ್ಲಿದ್ದ ಜಯಲಕ್ಷ್ಮೀ ವಿಲಾಸ ಅರಮನೆಯೂ 1959ರಲ್ಲಿ ವಿಶ್ವವಿದ್ಯಾನಿಲಯದ್ದಾಯಿತು. 1960ರಲ್ಲಿ ಮಾನಸಗಂಗೋತ್ರಿ ಆರಂಭವಾಯಿತು, ಅದೇ ವರ್ಷ ಅವರು ನಿವೃತ್ತರಾದರು. ಆಡಳಿತ ಬರುತ್ತದೆಯೇ ಎಂದು ಕೇಳುವವರು ಈ ಏಳುನೂರಕ್ಕೂ ಹೆಚ್ಚು ಎಕರೆಯ ಆವರಣದಲ್ಲಿ ಒಂದು ಸುತ್ತು ಹಾಕಿ ಬರಬಹುದು.

ನಿವೃತ್ತರಾದ ಕೆಲವೇ ವರ್ಷಗಳಲ್ಲಿ ಅವರಿಗೆ ಜ್ಞಾನಪೀಠ ಬಂತು. 1967ರ ಆ ಪ್ರಶಸ್ತಿಯನ್ನು ಹಂಚಿಕೊಂಡ ಗುಜರಾತಿ ಕವಿ ಉಮಾಶಂಕರ ಜೋಶಿ ಆಗ ಗುಜರಾತ್ ವಿಶ್ವವಿದ್ಯಾಲಯದ ಉಪಕುಲಪತಿಯಾಗಿದ್ದರು. ಕವಿಯನ್ನು ಆ ಕುರ್ಚಿಯಲ್ಲಿ ಕೂರಿಸುವುದು ನಮ್ಮೊಬ್ಬರ ಹುಚ್ಚಾಗಿರಲಿಲ್ಲ.

ಕುವೆಂಪು ಬಿಟ್ಟ ಎಳೆಯನ್ನು ಹಿಡಿದವರು ಅವರ ಶಿಷ್ಯ ದೇ. ಜವರೇಗೌಡ. ಚನ್ನಪಟ್ಟಣ ತಾಲ್ಲೂಕಿನ ಚಕ್ಕೆರೆಯ ರೈತ ಕುಟುಂಬದಿಂದ ಬಂದ ದೇಜಗೌ 1969ರಿಂದ 1975ರವರೆಗೆ ಅದೇ ಕುರ್ಚಿಯಲ್ಲಿದ್ದರು. ಗುರು ಕನಸು ಕಾಣುವ ಜಾತಿ, ಶಿಷ್ಯ ಬೆನ್ನು ಹತ್ತಿ ಕೆಲಸ ಮಾಡಿಸುವ ಜಾತಿ. 1966ರಲ್ಲೇ ಕನ್ನಡ ಅಧ್ಯಯನ ಸಂಸ್ಥೆಯನ್ನು ಕಟ್ಟಿ, ಇಲಾಖೆಯ ಗಾತ್ರದಲ್ಲಿದ್ದ ಕನ್ನಡಕ್ಕೆ ಸಂಸ್ಥೆಯ ಗಾತ್ರ ಕೊಟ್ಟರು. ಕನ್ನಡ ವಿಶ್ವಕೋಶದ ಮೊದಲ ಸಂಪುಟ 1969ರಲ್ಲಿ ಹೊರಬಂತು. ಬಿ.ಎಲ್. ರೈಸ್ ಕಾಲದ ಶಾಸನ ಸಂಪುಟಗಳ ಪರಿಷ್ಕೃತ ಆವೃತ್ತಿ 1972ರಿಂದ ಬರತೊಡಗಿತು. ಇವುಗಳ ನಡುವೆಯೇ ಟಾಲ್‌ಸ್ಟಾಯ್‌ನ ದಪ್ಪ ದಪ್ಪ ಕಾದಂಬರಿಗಳನ್ನು ಕನ್ನಡಕ್ಕೆ ತಂದ ಮನುಷ್ಯ ಯಾವಾಗ ಮಲಗುತ್ತಿದ್ದರೋ!

ದೇಜಗೌ ಬಗ್ಗೆ ಟೀಕೆಯೂ ಇತ್ತು. ಗುರುಭಕ್ತಿ ಅತಿಯಾಯಿತು, ಕುವೆಂಪು ಹೆಸರಿನ ಸುತ್ತ ಒಂದು ಪಂಥವೇ ಬೆಳೆಯಿತು ಎಂಬ ಗೊಣಗಾಟ. ಸುಳ್ಳೆನ್ನಲಾರೆ. ಆದರೆ ಕೋಶ, ಶಾಸನ, ಸಂಪಾದಿತ ಕಾವ್ಯಗಳಂಥ ಹತ್ತಿಪ್ಪತ್ತು ವರ್ಷ ಹಿಡಿಯುವ ಕೆಲಸಗಳಿಗೆ ಇಂಥ ಭಕ್ತರೇ ಬೇಕು. ಶಾಸ್ತ್ರೀಯ ಸ್ಥಾನಕ್ಕಾಗಿ ಇಳಿವಯಸ್ಸಿನಲ್ಲಿ ಉಪವಾಸಕ್ಕೂ ಕುಳಿತ ಅವರು, 2008ರಲ್ಲಿ ಕನ್ನಡಕ್ಕೆ ಅದು ಸಿಕ್ಕುವುದನ್ನು ಕಣ್ಣಾರೆ ಕಂಡರು. ತೀರಿಕೊಂಡದ್ದು 2016ರ ಮೇ 30ರಂದು.

ಉಳಿದವರ ಕಥೆ ಬೇರೆ ಬೇರೆ ದಿಕ್ಕಿನದು. 1966ರಿಂದ ಮೂರು ವರ್ಷ ಬೆಂಗಳೂರು ವಿಶ್ವವಿದ್ಯಾಲಯವನ್ನು ನಡೆಸಿದ ವಿ.ಕೃ. ಗೋಕಾಕರು ಬಿ.ಎಂ.ಶ್ರೀ ಅವರಂತೆಯೇ ಇಂಗ್ಲಿಷ್ ಪ್ರಾಧ್ಯಾಪಕರು. ಆದರೆ ಜನ ಅವರನ್ನು ನೆನೆಯುವುದು 1981ರ ಆರಂಭದಲ್ಲಿ ಕೊಟ್ಟ ವರದಿಯಿಂದ. ಪ್ರೌಢಶಾಲೆಯಲ್ಲಿ ಕನ್ನಡವೇ ಏಕೈಕ ಪ್ರಥಮ ಭಾಷೆಯಾಗಲಿ ಎಂದ ಆ ವರದಿಗಾಗಿ ರಾಜಕುಮಾರ್ ಬೀದಿಗಿಳಿದರು. ಕುವೆಂಪು ಕೈಗೆ ಎಟುಕದ ಸರಪಳಿಯ ಹಿಂದಿನ ತುದಿಯನ್ನು ಗೋಕಾಕರು ಹಿಡಿದೆಳೆದರು. ಶಾಲೆಯ ಮಾಧ್ಯಮದ ಮೊಕದ್ದಮೆ ಕೊನೆಗೆ ಸುಪ್ರೀಂ ಕೋರ್ಟು ಮುಟ್ಟಿತು. ಪ್ರಾಥಮಿಕ ಶಾಲೆಯಲ್ಲಿ ಮಾತೃಭಾಷಾ ಮಾಧ್ಯಮವನ್ನು ಸರ್ಕಾರ ಹೇರುವಂತಿಲ್ಲ ಎಂದು 2014ರ ಮೇ 6ರಂದು ಸಂವಿಧಾನ ಪೀಠ ತೀರ್ಪು ಕೊಟ್ಟಿತು.

ಯು.ಆರ್. ಅನಂತಮೂರ್ತಿ ಈ ಜಗಳದ ಹೊರಗೆ, ಕೇರಳದ ಕೊಟ್ಟಾಯಂನಲ್ಲಿ ಮಹಾತ್ಮ ಗಾಂಧಿ ವಿಶ್ವವಿದ್ಯಾಲಯಕ್ಕೆ 1987ರಿಂದ 1991ರವರೆಗೆ ಕುಲಪತಿ. ಕೊಟ್ಟಾಯಂ ಪೂರ್ಣ ಸಾಕ್ಷರ ಪಟ್ಟಣವಾದದ್ದು ಅದೇ ಅವಧಿಯಲ್ಲಿ, ಆ ಅಭಿಯಾನದಲ್ಲಿ ವಿಶ್ವವಿದ್ಯಾಲಯದ ಹುಡುಗರೂ ಇದ್ದರು. 1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯಕ್ಕೆ ಮೊದಲ ಕುಲಪತಿ ಚಂದ್ರಶೇಖರ ಕಂಬಾರ. ಅಲ್ಲಿ ಮತ್ತೆ ಕವಿಯ ನಾಮಕರಣ: ಆಡಳಿತ ಕಟ್ಟಡ ‘ಕ್ರಿಯಾಶಕ್ತಿ’, ಗ್ರಂಥಾಲಯ ‘ಅಕ್ಷರ’. ಪದವಿ ಕಾಲೇಜುಗಳ ಪರೀಕ್ಷೆಯ ಗೋಜಿಲ್ಲದೆ ಸಂಶೋಧನೆಯನ್ನೇ ಕನ್ನಡದಲ್ಲಿ ನಡೆಸುವ ಸಂಸ್ಥೆ ಅದು. ಮೈಸೂರಿನಲ್ಲಿ ಮುಗಿಯದ ಜಗಳವನ್ನು ಅಲ್ಲಿ ಆಡಬೇಕಾಗಿಯೇ ಬರಲಿಲ್ಲ. ಜಾಣತನ ಹೌದು, ಸ್ವಲ್ಪ ನುಣುಚಿಕೊಂಡ ಜಾಣತನವೂ ಹೌದು.

ಗುರುಶಿಷ್ಯರಿಬ್ಬರ ಕೆಲಸ ಒಂದೇ ಸೂರಿನಡಿ ಕಾಣುವುದು ಮಾನಸಗಂಗೋತ್ರಿಯ ಜಯಲಕ್ಷ್ಮೀ ವಿಲಾಸದಲ್ಲಿ. ಒಡೆಯರ್ ಮನೆತನದ ಹಿರಿಯ ಮಗಳು ಜಯಲಕ್ಷಮ್ಮಣ್ಣಿಯವರಿಗಾಗಿ 1905ರ ಸುಮಾರಿಗೆ ಕಟ್ಟಿದ ಆ ಅರಮನೆಯನ್ನು ವಿಶ್ವವಿದ್ಯಾನಿಲಯಕ್ಕೆ ಸೇರಿಸಿದ್ದು ಗುರುವಿನ ಕಾಲ. ಅಲ್ಲಿ ಜಾನಪದ ವಸ್ತುಸಂಗ್ರಹಾಲಯವಾಗಲು ಬೆನ್ನಿಗೆ ನಿಂತದ್ದು ಶಿಷ್ಯ. ಕಲಾವಿದ ಪಿ.ಆರ್. ತಿಪ್ಪೇಸ್ವಾಮಿ, ಜೀ.ಶಂ. ಪರಮಶಿವಯ್ಯ ಹಳ್ಳಿ ಹಳ್ಳಿ ತಿರುಗಿ ತಂದ ತೊಗಲುಗೊಂಬೆ, ಯಕ್ಷಗಾನದ ಕಿರೀಟ, ಬೇಸಾಯದ ಸಲಕರಣೆ, ಸೋಮನ ಕುಣಿತದ ಕೆಂಪು ಮುಖಗಳು ಕೆತ್ತನೆಯ ಕಂಬಗಳ ನಡುವೆ ಬಂದು ನಿಂತವು. ಈ ಶತಮಾನದ ಆರಂಭದಲ್ಲಿ ಇನ್ಫೊಸಿಸ್ ಪ್ರತಿಷ್ಠಾನದ ಹಣದಲ್ಲಿ ಕಟ್ಟಡಕ್ಕೆ ಒಮ್ಮೆ ದುರಸ್ತಿಯಾಯಿತು. ಆಮೇಲೆ ಮತ್ತೆ ಶಿಥಿಲವಾಗಿ ನೋಡುಗರಿಗೆ ಬಾಗಿಲು ಮುಚ್ಚಬೇಕಾಯಿತು, ಮತ್ತೆ ದುರಸ್ತಿಯ ಮಾತು ಬಂತು. ಒಳಗಿರುವ ಸೋಮನ ಮುಖಗಳಿಗೆ ಕಾಯುವುದು ಹೊಸದಲ್ಲ. ಊರಲ್ಲಿದ್ದಾಗಲೂ ಅವು ಒಂದು ಹಬ್ಬದಿಂದ ಇನ್ನೊಂದು ಹಬ್ಬದವರೆಗೆ ಗುಡಿಯ ಕತ್ತಲಲ್ಲೇ ಇರುತ್ತಿದ್ದವು.