ಇರುಳಿನ ಖರ್ಚಿಗೆ ಸೋಲುವ ಕಲ್ಲುಹೂವು

ಮಂಡ್ಯದ ಕಡೆಯ ತೆಂಗಿನ ತೋಟಗಳಲ್ಲಿ ಮರದ ಕಾಂಡದ ಮೇಲೆ ಕಾಣುವ ಬಿಳಿ ಮತ್ತು ಬೂದು ಮಚ್ಚೆಗಳನ್ನು ರೋಗವೆಂದೇ ನಂಬಿ, ಕೆರೆದು ಸುಣ್ಣ ಬಳಿಯುವವರು, ಮೈಲುತುತ್ತದ ದ್ರಾವಣ ಸಿಂಪಡಿಸುವವರು ಈಗಲೂ ಇದ್ದಾರೆ. ಆ ಮಚ್ಚೆಗೆ ಬೇರಿಲ್ಲ, ಅದು ಮರದ ರಸವನ್ನು ಹೀರುವುದೂ ಇಲ್ಲ. ಒಣಗಿದ ಮಚ್ಚೆಯ ಮೇಲೆ ನಾಲ್ಕು ಹನಿ ನೀರು ಚಿಮುಕಿಸಿ ನೋಡಿ: ಮೇಲ್ಪದರ ನೀರು ಕುಡಿದು ಪಾರದರ್ಶಕವಾಗುತ್ತಿದ್ದಂತೆ ಬೂದು ಬಣ್ಣ ಮಾಸಿ, ಒಳಗಿನ ಪಾಚಿಯ ಹಸಿರು ಮೂಡಿಬರುತ್ತದೆ. ಶಿಲೀಂಧ್ರವೂ ಪಾಚಿಯೂ ಕೂಡಿ ಬಾಳುವ ಈ ಜೀವವೇ ಕಲ್ಲುಹೂವು.

ಇದು ಒಂದಲ್ಲ, ಎರಡು ಜೀವಿಗಳ ಸಂಸಾರವೆಂದು ಸ್ವಿಟ್ಸರ್ಲೆಂಡಿನ ಸಸ್ಯವಿಜ್ಞಾನಿ ಸೈಮನ್ ಶ್ವೆಂಡೆನರ್ 1867ರಲ್ಲಿ ಹೇಳಿದಾಗ ಆ ಕಾಲದ ದೊಡ್ಡ ಪಂಡಿತರೇ ಒಪ್ಪಲಿಲ್ಲ. ಕಟುವಾಗಿ ವಿರೋಧಿಸಿದವರಲ್ಲಿ ಫಿನ್ಲೆಂಡಿನ ಕಲ್ಲುಹೂ ತಜ್ಞ ವಿಲಿಯಂ ನೈಲಾಂಡರ್ ಒಬ್ಬರು. ಆದರೆ ಪ್ಯಾರಿಸ್ಸಿನ ಲಕ್ಸೆಂಬರ್ಗ್ ಉದ್ಯಾನದಲ್ಲಿ ಬೆಳೆಯುವ ಕಲ್ಲುಹೂಗಳು ಹೊಗೆ ತುಂಬಿದ ಊರಿನ ಉಳಿದೆಡೆ ಕಾಣುವುದಿಲ್ಲವೆಂದು 1866ರಲ್ಲೇ ಗುರುತಿಸಿ, ಗಾಳಿಯ ಶುದ್ಧತೆಯನ್ನು ಇವುಗಳಿಂದ ಅಳೆಯಬಹುದೆಂದು ತೋರಿಸಿದವರೂ ಅವರೇ.

ತೆಂಗಿನ ಮರದ ಮಚ್ಚೆ ಸಾಮಾನ್ಯ ಜಾತಿಯದು. ನಾನು ಹೇಳಹೊರಟಿರುವ ಅಪರೂಪದವು ಲೊಬೇರಿಯಾ ಮತ್ತು ಸ್ಟಿಕ್ಟಾ ಕುಲದವು, ನೀಲಗಿರಿಯಂತಹ ಎತ್ತರದ ಶೋಲಾ ಕಾಡುಗಳಲ್ಲಿ ಪಾಚಿಗಟ್ಟಿದ ಮುದಿಮರಗಳ ತೊಗಟೆಯ ಮೇಲೆ ಎಲೆಯಂತೆ ಅಗಲವಾಗಿ ಹರಡುವಂಥವು. ಮೈಸೂರಿನ ಸಾಲುಮರಗಳ ಮೇಲೆ ಅವು ಏಕಿಲ್ಲ ಎಂಬುದಕ್ಕೆ ಹೊಗೆ, ದೂಳು, ಒಣಹವೆ ಎಲ್ಲವೂ ಕಾರಣವಾಗಬಹುದು. ಆದರೆ ಮಳೆ ಧಾರಾಳವಾಗಿರುವ, ಹೊಗೆಯೇ ಇಲ್ಲದ ತಗ್ಗುಪ್ರದೇಶದ ಉಷ್ಣವಲಯದ ಕಾಡುಗಳಲ್ಲೂ ಇಂತಹ ಎಲೆರೂಪದ ಕಲ್ಲುಹೂಗಳು ವಿರಳವೇ. ಇದರ ಗುಟ್ಟು ರಾತ್ರಿಯಲ್ಲಿದೆ.

ಕಲ್ಲುಹೂವಿಗೆ ನೀರನ್ನು ತಡೆದಿಡುವ ಮೇಣದ ಹೊದಿಕೆಯಾಗಲಿ, ಮುಚ್ಚಿ ತೆರೆಯುವ ಪತ್ರರಂಧ್ರಗಳಾಗಲಿ ಇಲ್ಲ. ಮಳೆ ಬಂದರೆ ಮೈಯೆಲ್ಲ ನೆನೆಯುತ್ತದೆ, ಗಾಳಿ ಒಣಗಿದರೆ ತಾನೂ ಒಣಗಿ ನಿದ್ದೆಹೋಗುತ್ತದೆ. ನಿದ್ದೆಯಲ್ಲಿ ಸಂಪಾದನೆಯೂ ಇಲ್ಲ, ಖರ್ಚೂ ಇಲ್ಲ. ನೆನೆದಿರುವಾಗ ಮಾತ್ರ ಹಗಲಲ್ಲಿ ಪಾಚಿ ಸಕ್ಕರೆ ತಯಾರಿಸುತ್ತದೆ. ಇರುಳಲ್ಲಿ ಅದೇ ಸಕ್ಕರೆ ಉಸಿರಾಟಕ್ಕೆ ಉರಿದುಹೋಗುತ್ತದೆ. ಚಳಿಯಿದ್ದರೆ ಉಸಿರಾಟ ನಿಧಾನ, ಸೆಕೆಯಿದ್ದರೆ ಜೋರು. ಸಂಜೆಯ ಮಳೆಗೆ ನೆನೆದು, 25 ಡಿಗ್ರಿಯ ಸೆಕೆಯಲ್ಲಿ ರಾತ್ರಿಯಿಡೀ ಎಚ್ಚರವಾಗಿರುವ ಕಲ್ಲುಹೂವು, ದಟ್ಟ ನೆರಳಲ್ಲಿ ಹಗಲೆಲ್ಲ ದುಡಿದದ್ದನ್ನು ಬೆಳಗಾಗುವಷ್ಟರಲ್ಲಿ ತಿಂದು ಮುಗಿಸುವ ದಿನಗೂಲಿಯವನಂತೆ. ನಾಳೆಗೆಂದು ಏನೂ ಉಳಿಯುವುದಿಲ್ಲ. ಜರ್ಮನಿಯ ಒಟ್ಟೊ ಲಾಂಗೆ ಮತ್ತು ಸಂಗಡಿಗರು ಪನಾಮದ ಕಾಡಿನಲ್ಲಿ ಸಕ್ಕರೆಯಾಗಿ ಬಂದುಹೋಗುವ ಇಂಗಾಲದ ಈ ಲೆಕ್ಕವನ್ನೇ ಅಳೆದು ನೋಡಿದ್ದಾರೆ. ಶೋಲಾದಲ್ಲಿ ಹಗಲು ಮಂಜು ನೆನೆಸುತ್ತದೆ, ಇರುಳಿನ ಚಳಿ ಖರ್ಚನ್ನು ತಗ್ಗಿಸುತ್ತದೆ.

ಆದ್ದರಿಂದ ಭೂಮಿಯ ರಾತ್ರಿಗಳು ಬಿಸಿಯಾಗುತ್ತಿರುವುದು ಈ ಜೀವಿಗಳ ಮಟ್ಟಿಗೆ ಸಣ್ಣ ವಿಷಯವಲ್ಲ. ಬೆಟ್ಟದಲ್ಲಿ ಇನ್ನೂ ಮೇಲೆ ಹೋಗೋಣವೆಂದರೆ ಒಂದು ಹಂತದಲ್ಲಿ ಬೆಟ್ಟವೇ ಮುಗಿಯುತ್ತದೆ. ಕಡಿದ ಮರಕ್ಕೆ ಬದಲಾಗಿ ಹತ್ತು ಸಸಿ ನೆಟ್ಟೆವೆಂಬ ಸಮಾಧಾನವೂ ಇಲ್ಲಿ ನಡೆಯದು. ಎಳೆಯ ಸಸಿಯ ನುಣುಪಾದ ತೊಗಟೆ ಬೇರೆ. ದಶಕಗಳ ಕಾಲ ಬಿರುಕುಬಿಟ್ಟು, ಪಾಚಿ ಹಿಡಿದು, ತೇವ ಹೀರಿಟ್ಟುಕೊಂಡ ತೊಗಟೆ ಬೇರೆ. ಅಂತಹ ತೊಗಟೆ ಸಿಕ್ಕರೂ ಇವುಗಳ ಬೆಳವಣಿಗೆ ವರ್ಷಕ್ಕೆ ಕೆಲವೇ ಮಿಲಿಮೀಟರ್.

ಜಗತ್ತಿನಲ್ಲಿ ಸುಮಾರು 20,000 ಪ್ರಭೇದದ ಕಲ್ಲುಹೂಗಳಿವೆ. ಅಳಿವಿನಂಚಿನ ಜೀವಿಗಳನ್ನು ಗುರುತಿಸುವ ಐಯುಸಿಎನ್ (ಅಂತರರಾಷ್ಟ್ರೀಯ ನಿಸರ್ಗ ಸಂರಕ್ಷಣಾ ಒಕ್ಕೂಟ) ಕೆಂಪು ಪಟ್ಟಿಗೆ 2003ರಲ್ಲಿ ಮೊದಲು ಸೇರಿದ್ದು ಎರಡೇ ಪ್ರಭೇದ, ಅವೆರಡೂ ಉಷ್ಣವಲಯದ ಮಳೆಕಾಡಿನವಲ್ಲ. ನಮ್ಮ ಕಾಡಿನವು ಲೆಕ್ಕಕ್ಕೆ ಸಿಗುವ ಮೊದಲೇ ಚೀಲ ಸೇರುತ್ತಿರುವುದು ನನ್ನ ದೊಡ್ಡ ಆತಂಕ. ಮೈಸೂರಿನ ದೇವರಾಜ ಮಾರುಕಟ್ಟೆಯ ಮಸಾಲೆ ಅಂಗಡಿಗಳಲ್ಲಿ ಸಿಗುವ ಕಲ್ಲುಹೂವು ಬಹುಪಾಲು ಮರಗಳಿಂದಲೇ ಬಿಡಿಸಿ ತಂದದ್ದು. ಮೇಲೆ ಬೂದು, ಕೆಳಗೆ ಕಪ್ಪು, ಅಂಚು ಸುರುಳಿಯಾದ ಪಾರ್ಮೊಟ್ರೀಮಾ ಎಂಬ ಕುಲದ್ದು ಅದರಲ್ಲಿ ಮುಖ್ಯ. ಆದರೆ ಒಂದು ಹಿಡಿಯನ್ನು ಕಾಗದದ ಮೇಲೆ ಹರಡಿ ಭೂತಗನ್ನಡಿ ಹಿಡಿದರೆ ಕವಲೊಡೆದ ಪಟ್ಟಿಗಳು, ಅಂಚಿಗೆ ರೋಮವಿರುವ ಚೂರುಗಳು ಎಂದು ಬೇರೆ ಬೇರೆ ಕುಲದವು ಬೆರೆತಿರುವುದು ತಿಳಿಯುತ್ತದೆ. ತೊಗಟೆಯನ್ನು ಒಟ್ಟಾಗಿ ಕೆರೆಯುವಾಗ ಯಾವುದು ಸಾಮಾನ್ಯ, ಯಾವುದು ಅಪರೂಪ ಎಂದು ಆರಿಸುವವರಿಲ್ಲ.