ಲೋಕ ಹೊಲಿಯುವವಳು ವಾಪಸ್ ಬರಲೇಬೇಕು

ಫ್ಯಾಂಟಸಿ ಕಥೆಗಳನ್ನು ತಿದ್ದುವುದು ನನ್ನ ಕೆಲಸ. ಎರಡು ಲೋಕ ಎದುರುಬದುರಾಗುವ ಕಥೆಗಳು ಈಗ ಜಾಸ್ತಿ ಬರುತ್ತಿವೆ. ಹೆಚ್ಚಿನವು ಎಡವುವುದು ಒಂದೇ ಜಾಗದಲ್ಲಿ. ಲೋಕ ಹರಿದು ಎರಡಾಗುವುದನ್ನು ಚೆನ್ನಾಗಿ ಬರೆದಿರುತ್ತಾರೆ. ಕೂಡಿಸುವ ಹೊತ್ತಿಗೆ ಒಂದು ಮಂತ್ರ, ಒಂದು ಬೆಳಕು, ಮುಗಿಯಿತು. ಆ ಮಂತ್ರವನ್ನು ಮೊದಲೇ ಯಾಕೆ ಹೇಳಲಿಲ್ಲ ಅಂತ ಒಂದು ಮಗು ಕೇಳಿದರೆ ಇಡೀ ಕಥೆ ಕುಸಿಯುತ್ತದೆ, ಅಲ್ವಾ?

ಕಲ್ಪನೆಯ ವಿದ್ಯೆಗೂ ಕೈಕೆಲಸದ ಕಟ್ಟುಪಾಡು ಬೇಕು. ಅದಕ್ಕಾಗಿ ಧಾರವಾಡದವರು ದೂರ ಹೋಗಬೇಕಾಗಿಲ್ಲ. ನಮ್ಮ ಕಸೂತಿಯೇ ಇದೆ. ಹರಿದ ಲೋಕ ಹೊಲಿಯಲು ನನ್ನ ಕಥೆಗಳಿಗಾಗಿ ನಾನು ಕಟ್ಟಿಕೊಂಡ ವಿದ್ಯೆ 'ಎಳೆವಿದ್ಯೆ' ಹುಟ್ಟಿದ್ದು ಅಲ್ಲಿಂದಲೇ.

ಕಸೂತಿಯಲ್ಲಿ ಬಟ್ಟೆಯ ಮೇಲೆ ಮೊದಲು ಚಿತ್ರ ಬರೆದುಕೊಳ್ಳುವುದಿಲ್ಲ. ಎಳೆ ಎಣಿಸಿಯೇ ಸೂಜಿ ಹಾಕಬೇಕು. ಗಂಟು ಹಾಕುವಂತಿಲ್ಲ. ಗವಂತಿ ಹೊಲಿಗೆಯಲ್ಲಿ ದಾರ ಒಮ್ಮೆ ಮೇಲೆ, ಒಮ್ಮೆ ಕೆಳಗೆ ಹಾದು ಹೋಗುತ್ತದೆ. ಹೋಗುವಾಗ ಕಾಣುವುದು ತುಂಡು ತುಂಡು ಗೆರೆ ಮಾತ್ರ. ಅದೇ ತೂತುಗಳಲ್ಲಿ ವಾಪಸ್ ಬರುವಾಗ ಬಿಟ್ಟ ಜಾಗ ತುಂಬುತ್ತದೆ. ಮುಗಿದ ಮೇಲೆ ಮುಂದೆಯೂ ಹಿಂದೆಯೂ ಒಂದೇ ಥರ. ಮುರಗಿಯೂ ಹಾಗೇ, ಆದರೆ ಮೆಟ್ಟಿಲು ಮೆಟ್ಟಿಲಾಗಿ ಸಾಗುತ್ತದೆ. ನೇಗಿ ಮತ್ತು ಮೆಂಥಿ ಹೊಲಿಗೆಗಳಲ್ಲಿ ಹಿಂಬದಿ ಬೇರೆ ಕಾಣುತ್ತದೆ.

ಈಗ ಬಟ್ಟೆಯ ಮೇಲ್ಬದಿ ನಮ್ಮ ಲೋಕ, ಹಿಂಬದಿ ಇನ್ನೊಂದು ಲೋಕ ಅಂದುಕೊಳ್ಳಿ. ಎಳೆವಿದ್ಯೆಯ ಮುಖ್ಯ ನಿಯಮ ತಾನಾಗಿಯೇ ಬರುತ್ತದೆ. ನಮ್ಮ ಕಡೆಯಿಂದ ಮಾತ್ರ ಚೆಂದ ಕಾಣುವ ದುರಸ್ತಿ ದುರಸ್ತಿಯೇ ಅಲ್ಲ. ನಾಯಕ ತನ್ನ ಊರು ಉಳಿಸಿಕೊಂಡು ಹಿಂಬದಿಯ ಊರಿನಲ್ಲಿ ದಾರದ ಸಿಕ್ಕು ಬಿಟ್ಟು ಬರುವ ಕಥೆಗಳನ್ನು ನಾನು ಒಪ್ಪುವುದಿಲ್ಲ. ಅಲ್ಲಿಯೂ ಜನ ಇದ್ದಾರೆ.

ಎರಡನೇ ನಿಯಮ ನನಗೆ ಇನ್ನೂ ಇಷ್ಟ. ಹೊಲಿಯುವವಳು ಹೋದ ದಾರಿಯಲ್ಲೇ ವಾಪಸ್ ಬರಬೇಕು.

ಒಂದು ಉದಾಹರಣೆ ಕೊಡುತ್ತೇನೆ. ಹುಬ್ಬಳ್ಳಿ ಮತ್ತು ಧಾರವಾಡ ಒಂದೇ ಪಾಲಿಕೆಯಾಗಿದ್ದು 1962ರಲ್ಲಿ. ಆ ವರ್ಷ ಲೋಕವೇ ಹರಿಯಿತು ಅಂತ ನನ್ನ ಕಥೆಯಲ್ಲಿ ಇಟ್ಟುಕೊಂಡಿದ್ದೇನೆ. ಒಂದು ಲೋಕದಲ್ಲಿ ಊರುಗಳು ಕೂಡಿದವು, ಇನ್ನೊಂದರಲ್ಲಿ ಕೂಡಲೇ ಇಲ್ಲ. ಹರಿದ ಗೆರೆ ಎರಡೂ ಊರುಗಳ ನಡುವಿನ ರಸ್ತೆಯ ಮೇಲೇ ಇದೆ. ಒಬ್ಬಳು ಹುಬ್ಬಳ್ಳಿಯಿಂದ ಹೊಲಿಯುತ್ತಾ ಹೊರಟಳು. ಉಣಕಲ್ ಈ ಕಡೆ, ಭೈರಿದೇವರಕೊಪ್ಪ ಆ ಕಡೆ, ನವನಗರ ಈ ಕಡೆ, ರಾಯಾಪುರ ಆ ಕಡೆ. ಸತ್ತೂರಿಗೆ ಬಂದು ನಿಂತುಬಿಟ್ಟಳು. ವಾಪಸ್ ಬರಲಿಲ್ಲ. ಹೀಗಾಗಿ ಎರಡೂ ಲೋಕದ ಬಸ್ಸುಗಳಲ್ಲಿ ಒಂದು ಬಿಟ್ಟು ಒಂದು ಸ್ಟಾಪ್ ಇಲ್ಲ.

"ಭೈರಿದೇವರಕೊಪ್ಪ ಬರಲೇ ಇಲ್ಲಲ್ರೀ?"

"ಅದು ಈ ಕಡೆ ಇಲ್ರೀ ಅಜ್ಜಾರ. ನವನಗರದಾಗ ಇಳೀರಿ."

ಇಷ್ಟು ಸಿಕ್ಕರೆ ಕಥೆ ತಾನೇ ನಡೆಯುತ್ತದೆ. ರಾಕ್ಷಸ ಬೇಕಿಲ್ಲ, ಯುದ್ಧ ಬೇಕಿಲ್ಲ. ಅವಳು ಯಾಕೆ ನಿಂತಳು ಅನ್ನುವುದೊಂದೇ ಪ್ರಶ್ನೆ ಸಾಕು. ನನ್ನ ಕಥೆಯಲ್ಲಿ, ಈ ಕಡೆ ತೀರಿಕೊಂಡ ಅವಳ ಅಕ್ಕ ಆ ಕಡೆ ಬದುಕಿದ್ದಾಳೆ. ದಾರ ಎತ್ತಿಕೊಂಡು ಹೊರಟರೆ ದಾರಿ ತುಂಬುತ್ತದೆ, ಅಕ್ಕ ಆ ಕಡೆಯೇ ಉಳಿಯುತ್ತಾಳೆ. ಗಂಟು ಹಾಕಿ ಅಲ್ಲೇ ಇರೋಣ ಅಂದರೆ ವಿದ್ಯೆಯಲ್ಲಿ ಗಂಟಿಗೆ ಜಾಗವಿಲ್ಲ. ಇಲ್ಲಿ ಲೇಖಕರು ಕನಿಕರಪಟ್ಟು ನಿಯಮ ಸಡಿಲ ಮಾಡಬಾರದು. ಮಾಡಿದರೆ ಆ ತಂಗಿಯ ಸಂಕಟಕ್ಕೆ ಬೆಲೆಯೇ ಇರುವುದಿಲ್ಲ.

ಇದೆಲ್ಲ ಒಮ್ಮೆ ಒಂದಾಗಿದ್ದು ಹರಿದ ಲೋಕದ ಮಾತು. ಮೊದಲಿನಿಂದಲೂ ಬೇರೆ ಇದ್ದ ಲೋಕಗಳನ್ನು ಕೂಡಿಸುವುದು ಬೇರೆಯೇ ಕೆಲಸ. ಅದಕ್ಕೆ ಕಸೂತಿ ಸಾಲದು. ಕಸೂತಿ ಹಾಕುವ ಇಳಕಲ್ ಸೀರೆಯನ್ನೇ ನೋಡಬೇಕು. ಅದರಲ್ಲಿ ಒಡಲಿನ ಹಾಸು, ಅಂದರೆ ಮಗ್ಗದ ಉದ್ದ ಎಳೆಗಳು, ಬೇರೆ, ಸೆರಗಿನ ಹಾಸು ಬೇರೆ. ಎರಡನ್ನೂ ಕುಣಿಕೆಗೆ ಕುಣಿಕೆ ಸೇರಿಸಿ ಕೂಡಿಸುತ್ತಾರೆ. ಇದೇ ಕೊಂಡಿ. ಕೂಡಿದ ಮೇಲೂ ಒಡಲು ಒಡಲೇ, ಸೆರಗು ಸೆರಗೇ. ಈ ಕೊಂಡಿ ಇರುವುದರಿಂದ ಒಂದೊಂದು ಸೀರೆಯ ಅಳತೆಗೇ ಹಾಸು ಸಿದ್ಧ ಮಾಡಿಕೊಳ್ಳಬೇಕಾಗುತ್ತದೆ. ಕಥೆಗೂ ಅಷ್ಟೇ. ಯಾವುದಕ್ಕೆ ಯಾವುದು ಕೊಂಡಿ ಅಂತ ಬರೆಯುವ ಮೊದಲೇ ಪಟ್ಟಿ ಮಾಡಿಕೊಳ್ಳಿ. ಬಾವಿಗೆ ಬಾವಿ, ಮನೆಗೆ ಮನೆ. ಎಲ್ಲಿ ಜೋಡಿ ಸಿಗುವುದಿಲ್ಲವೋ ಅಲ್ಲೇ ನಿಮ್ಮ ಕಥೆ ಇದೆ.

ಸಾವಿಲ್ಲದ ಲೋಕದ ಜೊತೆ ನಮ್ಮ ಲೋಕ ಕೂಡಿಸಿ ಅಂದಾಗ ಬರೆಯಲು ಕಲಿಯುತ್ತಿದ್ದ ಹುಡುಗಿಯೊಬ್ಬಳು ನಮ್ಮ ಸ್ಮಶಾನಕ್ಕೆ ಆ ಕಡೆಯ ತೊಟ್ಟಿಲನ್ನು ಕೊಂಡಿಯಾಗಿ ಕೊಟ್ಟಳು. ಸಾವಿಲ್ಲದ ಕಡೆ ಹೊಸ ಮಗುವಿಗೆ ಜಾಗ ಇಲ್ಲ, ಹಾಗಾಗಿ ಅಲ್ಲಿ ತೊಟ್ಟಿಲು ಸುಮ್ನೆ ಬಿದ್ದಿರುತ್ತದೆ ಅಂದಳು. ಕೇಳಿ ಬಹಳ ಖುಷಿಯಾಯಿತು. ಆದರೆ ಈಗ ನಮ್ಮ ತೊಟ್ಟಿಲಿಗೆ ಆ ಕಡೆ ಜೋಡಿ ಉಳಿದಿಲ್ಲ. ಆ ಲೆಕ್ಕ ಸರಿಮಾಡಿಕೊಂಡು ಬಾ ಅಂತ ಕಥೆ ವಾಪಸ್ ಕಳಿಸಿದ್ದೇನೆ.